ಮುನ್ಷಿಗೆ ಕೆಲಸ ಕೊಟ್ಟ ವರ್ಷ

ಹೋದ ತಿಂಗಳು ಮದುವೆಗೆಂದು ನಾರಾಯಣಪೇಟೆಗೆ ಹೋಗಿದ್ದೆ. ದೂರದ ಸಂಬಂಧದ ಮೈದುನನ ಮೊಮ್ಮಗನ ಮದುವೆ. ಆ ಮನೆಯ ಪಡಸಾಲೆಯಲ್ಲಿ ಒಂದು ಪಂಜರ ತೂಗುಹಾಕಿದ್ದರು. ಅದರೊಳಗೆ ಎರಡು ಸಣ್ಣ ಹಸಿರು ಹಕ್ಕಿ, ಲವ್ ಬರ್ಡ್ಸ್ ಅಂತ ಹೆಸರಂತೆ. ಒಂದರ ಎದೆ ಬೋಳಾಗಿತ್ತು, ಪುಕ್ಕಗಳೆಲ್ಲ ಪಂಜರದ ತಳದಲ್ಲಿ ಬಿದ್ದಿದ್ದವು. ಮನೆಯ ಸೊಸೆ ಹತ್ತಿಯಲ್ಲಿ ಕೊಬ್ಬರಿ ಎಣ್ಣೆ ಅದ್ದಿ ಅದರ ಎದೆಗೆ ಹಚ್ಚುತ್ತಿದ್ದಳು, ಅದು ಒದ್ದಾಡುತ್ತಿತ್ತು. ಪಕ್ಕದ ಬಟ್ಟಲಲ್ಲಿ ಸುಲಿದ ಕಾಳು, ಹೋಳು ಮಾಡಿದ ಪೇರಲ ಹಣ್ಣು. ಆ ಪೇರಲದ ವಾಸನೆಯೂ ಪುಕ್ಕದ ಒಣ ಧೂಳಿನ ವಾಸನೆಯೂ ಕೂಡಿ ಮೂಗಿಗೆ ಬಡಿದದ್ದೇ ತಡ, ನನಗೆ ಮದುವೆ ಮನೆಯ ಗದ್ದಲವೆಲ್ಲ ದೂರವಾಯಿತು.

"ಎಣ್ಣಿ ಹಚ್ಚಿದ್ರ ಹೋಗೂದಲ್ಲವ್ವಾ ಇದು," ಅಂದೆ.

"ಮತ್ತೇನ್ ಮಾಡ್ಬೇಕ್ರೀ ಅಮ್ಮಾ?"

"ಕೆಲ್ಸ ಹಚ್ಚು."

ಮುದುಕಿಗೆ ಅರಳು ಮರಳು ಅನ್ನುವ ಹಾಗೆ ನೋಡಿದಳು. ಅವಳದೇನು ತಪ್ಪು? ನಾವೂ ಒಂದು ಕಾಲಕ್ಕೆ ಎಣ್ಣೆ ಹಚ್ಚಿದವರೇ. ಎಣ್ಣೆ, ಅರಿಷಿಣ, ವಿಭೂತಿ ಏನೂ ಬಿಟ್ಟಿರಲಿಲ್ಲ.

ಅದು ಪೊಲೀಸ್ ಆಕ್ಷನ್ ಆದ ವರ್ಷ, ನಲವತ್ತೆಂಟನೆಯ ಇಸವಿ. ನಾನು ಮಕ್ತಲದ ಹುಡುಗಿ, ನಾರಾಯಣಪೇಟೆಯ ನೇಕಾರರ ಓಣಿಗೆ ಸೊಸೆಯಾಗಿ ಬಂದು ವರ್ಷ ತುಂಬಿರಲಿಲ್ಲ. ಮನೆಯಲ್ಲಿ ಅತ್ತಿ, ಮಾವ, ನನ್ನ ಯಜಮಾನರು, ಮತ್ತೆ ಎರಡು ಮಗ್ಗ. ಮಗ್ಗವನ್ನೂ ಮನೆ ಮಂದಿಯ ಲೆಕ್ಕಕ್ಕೇ ಹಿಡಿಯಬೇಕು, ಯಾಕಂದರೆ ನಮ್ಮ ಮಾವ ನಮ್ಮ ಜೊತೆ ಮಾತಾಡಿದ್ದಕ್ಕಿಂತ ಮಗ್ಗದ ಜೊತೆ ಮಾತಾಡಿದ್ದೇ ಹೆಚ್ಚು. ನಮ್ಮತ್ತಿ ಗೌರಮ್ಮ ಅದಕ್ಕೆ ಉಲ್ಟಾ. ಬಾಯಿ ಅಂದರೆ ಬಾಯಿ! ಬೈಯುವಾಗ ಕನ್ನಡ, ವ್ಯಾಪಾರಕ್ಕೆ ತೆಲುಗು, ಕಚೇರಿಯವರು ಬಂದರೆ ಉರ್ದು, ಮೂರರಲ್ಲೂ ಅವರನ್ನು ಗೆದ್ದವರಿಲ್ಲ. ಮನಸ್ಸು ಮಾತ್ರ ಬೆಣ್ಣೆ. ಅದನ್ನು ಯಾರಿಗೂ ಗೊತ್ತಾಗದ ಹಾಗೆ ಇಟ್ಟುಕೊಂಡಿದ್ದರು.

ಎದುರು ಮನೆ ಹುಸೇನಬಿಯದು. ಗಂಡ ತೀರಿಕೊಂಡಿದ್ದ, ಒಬ್ಬಳೇ ಮಗಳನ್ನು ಗದ್ವಾಲಕ್ಕೆ ಕೊಟ್ಟಿದ್ದಳು. ಬಳೆ ಮಾರುವುದು ಆಕೆಯ ಕಸುಬು. ನನ್ನ ಮದುವೆಯ ಹಸಿರು ಬಳೆ ಇಟ್ಟವಳೂ ಆಕೆಯೇ. ಆಕೆಯ ಹತ್ತಿರ ಒಂದು ಗಿಳಿ ಇತ್ತು, ಹೆಸರು ಮುನ್ಷಿ. ಯಾಕೆ ಮುನ್ಷಿ ಅಂದರೆ, ಅದು ಕಚೇರಿಯ ಗುಮಾಸ್ತನ ಹಾಗೆ ಕೆಲಸ ಮಾಡುವ ಗಿಳಿ. ಆಗೆಲ್ಲ ಬಳೆಗಳು ಹುಲ್ಲು ಸುತ್ತಿ, ದಾರ ಬಿಗಿದು, ಕಟ್ಟು ಕಟ್ಟಾಗಿ ಬರುತ್ತಿದ್ದವು. ಮುಂಜಾನೆ ಹುಸೇನಬಿ ತನ್ನ ಮನೆ ಕಟ್ಟೆಯ ಮೇಲೆ ಚಾಪೆ ಹಾಸಿ ಕಟ್ಟುಗಳನ್ನು ಇಟ್ಟು, "ಹೂಂ ಮುನ್ಷೀಸಾಬ್, ದಫ್ತರ್ ಖೋಲೋ" ಅನ್ನುತ್ತಿದ್ದಳು, ಕಚೇರಿ ತೆರೆಯಿರಿ ಅಂತ. ಗಿಳಿ ಆಕೆಯ ಭುಜದಿಂದ ಇಳಿದು, ಓಲಾಡುತ್ತ ನಡೆದು ಬಂದು, ಹುಲ್ಲನ್ನು ಎಳೆ ಎಳೆಯಾಗಿ ಕಿತ್ತು ಬಿಸಾಕಿ, ಕೊಕ್ಕಿನಿಂದ ದಾರ ಕತ್ತರಿಸಿ ಕಟ್ಟು ಬಿಚ್ಚುತ್ತಿತ್ತು. ಒಂದು ಬಳೆಯೂ ಒಡೆಯುತ್ತಿರಲಿಲ್ಲ. ಅಷ್ಟು ಮಾಡಿ ಕತ್ತೆತ್ತಿ ಸುತ್ತ ನೋಡುತ್ತಿತ್ತು, ತಹಸೀಲ್ದಾರನಿಗೂ ಆ ಠೀವಿ ಇರಲಿಲ್ಲ. ನಾನು ಬಾಗಿಲಲ್ಲಿ ನಿಂತು ನಗುತ್ತಿದ್ದೆ. ಪಾಪ, ಮೂಕ ಪ್ರಾಣಿಯನ್ನೂ ದುಡಿಸುತ್ತಾಳಲ್ಲ ಅಂತಲೂ ಒಂದೊಂದು ಸಲ ಅನಿಸುತ್ತಿತ್ತು.

ಆ ಮಳೆಗಾಲ ಕೆಟ್ಟದ್ದು. ಮಳೆಯೇನೋ ಚೆನ್ನಾಗಿಯೇ ಆಗಿತ್ತು, ಸಜ್ಜೆ ಎದೆ ಮಟ್ಟ ಬೆಳೆದಿತ್ತು. ಮನುಷ್ಯರ ಕಾಲವೇ ನೆಟ್ಟಗಿರಲಿಲ್ಲ. ನಿಜಾಮರ ಕಡೆಯ ರಜಾಕಾರರು ದೋಚಲು ಬಂದರು ಅಂತ ಒಂದು ದಿನ ಬಾಗಿಲು ಹಾಕುವುದು, ಬರಲಿಲ್ಲವಂತೆ ಅಂತ ಇನ್ನೊಂದು ದಿನ ತೆರೆಯುವುದು. ಹೊರಗಿನಿಂದ ನೂಲು ಬರುವುದು ನಿಂತಿತು, ಅದರ ಹಿಂದೆಯೇ ಮಗ್ಗಗಳೂ ನಿಂತವು. ಮಗ್ಗದ ಸಪ್ಪಳದಲ್ಲೇ ಹುಟ್ಟಿ ಬೆಳೆದ ಓಣಿ ಅದು, ಸಪ್ಪಳ ನಿಂತ ಮೇಲೆ ಯಾರಿಗೂ ಸರಿಯಾಗಿ ನಿದ್ದೆ ಹತ್ತಲಿಲ್ಲ. ನಮ್ಮ ಮಾವ ದಿನವಿಡೀ ಮಗ್ಗದ ಕುಣಿಯಲ್ಲಿ ಕಾಲು ಇಳಿಬಿಟ್ಟು ಸುಮ್ಮನೆ ಕೂತಿರುತ್ತಿದ್ದರು. ಮೀಸೆಯ ಒಂದು ತುದಿಯನ್ನು ಎಳೆದೆಳೆದು ಕಿತ್ತು ಅದು ಇನ್ನೊಂದಕ್ಕಿಂತ ಗಿಡ್ಡವಾಗಿತ್ತು. ಸಾರಿಗೆ ಉಪ್ಪು ಹೆಚ್ಚಾದರೆ ಜಗಳ, ಕಡಿಮೆಯಾದರೂ ಜಗಳ. ನಮ್ಮ ಯಜಮಾನರು ಅಪ್ಪನ ಬಾಯಿಗೆ ಹೆದರಿ ಧನ್ವಾಡದ ಕಡೆ ಹೊಲಗೆಲಸಕ್ಕೆ ಹೋಗತೊಡಗಿದರು.

ಆಮೇಲೆ ಒಂದು ದಿನ ಆಕಾಶದಲ್ಲಿ ವಿಮಾನ ಹಾರಿತು. ಹಿಂದೂಸ್ತಾನದ ಫೌಜು ಬಂತಂತೆ, ನಿಜಾಮರ ರಾಜ್ಯ ಮುಗಿಯಿತಂತೆ. ನಮ್ಮ ಓಣಿ ಉಸ್ಸಪ್ಪಾ ಅಂತ ಉಸಿರು ಬಿಟ್ಟಿತು. ಆದರೆ ನಮ್ಮನ್ನು ಬಿಟ್ಟ ಭಯ ಎದುರು ಮನೆಗೆ ಹೋಗಿ ಕೂತಿತು. ರಜಾಕಾರರ ಮೇಲಿನ ಸಿಟ್ಟಿಗೆ ಆ ಊರಲ್ಲಿ ಮುಸಲ್ಮಾನರ ಮನೆಗಳಿಗೆ ಹಾಗಾಯಿತಂತೆ, ಈ ಊರಲ್ಲಿ ಹೀಗಾಯಿತಂತೆ ಅಂತ ಒಂದೊಂದೇ ಸುದ್ದಿ ಬಂದಂತೆ ಹುಸೇನಬಿ ಕಟ್ಟೆಗೆ ಬರುವುದನ್ನೇ ಬಿಟ್ಟಳು.

ಒಂದು ನಸುಕಿಗೆ ನಮ್ಮ ಹಿತ್ತಲ ಬಾಗಿಲು ಬಡಿದ ಸಪ್ಪಳವಾಯಿತು. ತೆರೆದರೆ ಹುಸೇನಬಿ. ಕಂಕುಳಲ್ಲಿ ಗಂಟು, ಕೈಯಲ್ಲಿ ಪಂಜರ.

"ಗೌರಕ್ಕಾ, ಮಗಳ ಕಡಿ ಹೊಂಟೀನಿ. ಮಕ್ತಲ ಮಟ ಬಂಡಿ ಐತಿ, ಆಮ್ಯಾಗ ಹರಗೋಲಿನಾಗ ಹೊಳಿ ದಾಟಿದ್ರ ಗದ್ವಾಲ. ಇದನ್ನ ಒಯ್ಯಾಕ ಆಗಂಗಿಲ್ಲ. ನಾ ತಲಿ ತಗ್ಗಿಸಿ ಸುಮ್ಮಕ ಹೋಗ್ಬೇಕಂದ್ರ ಇದು ಕಂಡಕಂಡವರಿಗೆಲ್ಲಾ ಸಲಾಂ ಹೊಡಿತೈತಿ."

"ಎಲ್ಲಿಗಿ ಹೊಂಟಿ? ನಮ್ಮನ್ಯಾಗ ಇರು. ಯಾರ್ ಬರ್ತಾರ ನೋಡೇಬಿಡ್ತೀನಿ," ಅಂದರು ನಮ್ಮತ್ತಿ.

"ಬ್ಯಾಡಕ್ಕಾ. ನನ್ನ ಇಟ್ಕೊಂಡ್ರ ನಿಮಗೂ ತ್ರಾಸು. ಇದು ನನ್ನ ಅಮಾನತ್. ಮನಿ ಹೋದ್ರ ಹೋಗ್ಲಿ, ಇದನ್ನ ಜ್ವಾಪಾನ ಮಾಡು."

ಅಮಾನತ್ ಅಂದರೆ ನಂಬಿ ಒಪ್ಪಿಸಿದ ವಸ್ತು, ಕೇಳಿದಾಗ ಇದ್ದದ್ದು ಇದ್ದ ಹಾಗೆ ತಿರುಗಿ ಕೊಡಬೇಕಾದದ್ದು. ನಮ್ಮ ಕಡೆ ಆ ಮಾತನ್ನು ಯಾರೂ ಹಗುರಕ್ಕೆ ಆಡುವುದಿಲ್ಲ. ನಮ್ಮತ್ತಿ ಎರಡೂ ಕೈ ಚಾಚಿ ಪಂಜರ ಇಸಿದುಕೊಂಡರು. "ಶಿವನಾಣಿ ಹುಸೇನಾ, ನೀ ಬಂದ ದಿನ ಜೀವಂತ ನಿನ್ನ ಕೈಯಾಗ ಇಡ್ತೀನಿ," ಅಂದರು. ಆಕೆ ಹೋದ ಮೇಲೆ ಬಹಳ ಹೊತ್ತು ಹಿತ್ತಲ ಬಾಗಿಲಲ್ಲೇ ನಿಂತಿದ್ದರು.

ಆ ದಿನದಿಂದ ಆ ಗಿಳಿಗೆ ನಮ್ಮನೆಯಲ್ಲಿ ಆದ ಆದರ ಹೊಸ ಅಳಿಯನಿಗೂ ಆಗಿರಲಿಕ್ಕಿಲ್ಲ. ನಮ್ಮ ಮಂದಿಯ ಗುಣವೇ ಅದು. ಮನೆಗೆ ಬಂದವರು ಒಂದು ತಂಬಿಗೆ ಎತ್ತಿಟ್ಟರೂ ನಮಗೆ ಅವಮಾನ. ಉಂಡ ತಟ್ಟೆ ಎತ್ತಲು ಹೋದರೆ ಕೈ ಹಿಡಿದು ಕೂರಿಸುತ್ತೇವೆ. ಹೀಗಿದ್ದ ಮೇಲೆ ಹುಸೇನಬಿ ಒಪ್ಪಿಸಿ ಹೋದ ಜೀವಕ್ಕೆ ತ್ರಾಸು ಕೊಡುವುದುಂಟೇ? ನಮ್ಮತ್ತಿ ಶೇಂಗಾ ಸುಲಿದು, ಮೇಲಿನ ಕೆಂಪು ಸಿಪ್ಪೆಯನ್ನೂ ತಿಕ್ಕಿ ತೆಗೆದು ಬಟ್ಟಲಿಗೆ ಹಾಕುತ್ತಿದ್ದರು. ಮೆಣಸಿನಕಾಯಿ ಸೀಳಿ ಇಡುವುದು, ಪೇರಲ ಸಣ್ಣಗೆ ಹೆಚ್ಚಿಡುವುದು, ಹಾಲಲ್ಲಿ ನೆನೆದ ರೊಟ್ಟಿಯ ಚೂರು. ಬೆಕ್ಕಿನ ಕಣ್ಣು ಬೀಳಬಾರದು, ಬಂದು ಹೋಗುವವರ ಕಣ್ಣೂ ಬೀಳಬಾರದು ಅಂತ ಪಂಜರವನ್ನು ಒಳಗಿನ ಮೂಲೆಗೆ ಕಟ್ಟಿ, ಮೇಲೆ ಒಗೆದ ಬಟ್ಟೆ ಹೊದಿಸಿದರು.

"ಅಲ್ಲಿ ಬಳಿ ಕಟ್ಟು ಬಿಚ್ಚಿ ಬಿಚ್ಚಿ ಸಾಕಾಗಿರ್ತೈತಿ ಪಾಪ. ಇಲ್ಲ್ಯಾರ ಆರಾಮ ಇರ್ಲಿ," ಅಂದರು.

ಸೈ ಅಂದೆ ನಾನೂ.

ಮೊದಲೊಂದಿಷ್ಟು ದಿನ ಅದು ಕಿರುಚಿತು. ಎಂಥ ಕಿರುಚಾಟ! ಗಡಿಗೆ ಒಡೆದು ಹೋಗಬೇಕು, ಹಾಗೆ. ಹುಸೇನಬಿಯನ್ನು ನೆನೆಸಿ ಅಳುತ್ತದೆ ಅಂತ ನಾವು ಇನ್ನಷ್ಟು ಪೇರಲ ಕೊಟ್ಟೆವು. ಆಮೇಲೆ ಕಿರುಚುವುದು ನಿಂತಿತು. ರೂಢಿಯಾಯಿತು ಬಿಡು ಅಂದುಕೊಂಡೆವು. ಕೂತಲ್ಲೇ ಕೂತು ತಲೆಯನ್ನು ಎಡಕ್ಕೆ ಬಲಕ್ಕೆ, ಎಡಕ್ಕೆ ಬಲಕ್ಕೆ ಆಡಿಸುತ್ತಿತ್ತು. ನಾನು ಅದನ್ನು ಕುಣಿತ ಅಂದುಕೊಂಡು ನಮ್ಮ ಯಜಮಾನರನ್ನು ಕರೆದು ತೋರಿಸಿದ್ದೆ, ನೋಡ್ರಿ!

ದಸರೆ ಮುಗಿದ ಮೇಲೆ ಒಂದು ಮುಂಜಾನೆ ಪಂಜರದ ಕೆಳಗೆ ಹಸಿರು ಪುಕ್ಕ ಬಿದ್ದಿದ್ದವು. ಬೆಕ್ಕು ಬಂದಿತ್ತು ಅಂತ ನಮ್ಮತ್ತಿ ಓಣಿಯ ಬೆಕ್ಕಿಗೆಲ್ಲ ಹಿಡಿಶಾಪ ಹಾಕಿದರು. ಮರುದಿನ ಇನ್ನಷ್ಟು. ಮೂಲೆಯಲ್ಲಿ ಕೂತು ಕಾದೆವು. ಬೆಕ್ಕಿಲ್ಲ, ಇಲಿಯಿಲ್ಲ. ಗಿಳಿ ತಾನೇ ತನ್ನ ಎದೆಗೆ ಕೊಕ್ಕು ಹಾಕಿ, ಒಂದು ಪುಕ್ಕ ಎಳೆದು, ಅದನ್ನು ಬಾಯಲ್ಲಿ ಹೊರಳಿಸಿ ಹೊರಳಿಸಿ ಜಗಿದು, ಕೆಳಗೆ ಬಿಟ್ಟು, ಇನ್ನೊಂದಕ್ಕೆ ಕೈ ಹಾಕಿದ ಹಾಗೆ ಬಗ್ಗಿತು. ಎದೆಯ ಮಧ್ಯದಲ್ಲಿ ರೂಪಾಯಿಯಗಲ ಚರ್ಮ ಕಾಣುತ್ತಿತ್ತು, ಅದರ ಮೇಲೆ ರಕ್ತದ ಚುಕ್ಕಿ. ನಮ್ಮತ್ತಿ ಬಾಯಿ ಮೇಲೆ ಕೈಯಿಟ್ಟುಕೊಂಡರು.

ಅಲ್ಲಿಂದ ಶುರುವಾಯಿತು ಉಪಚಾರ. ಎಣ್ಣೆ ಹಚ್ಚಿದೆವು, ಅರಿಷಿಣ ಹಚ್ಚಿದೆವು, ಉಪ್ಪು ಮೆಣಸಿನಕಾಯಿ ನಿವಾಳಿಸಿ ಒಲೆಗೆ ಹಾಕಿದೆವು. ಮಠದಿಂದ ವಿಭೂತಿ ತಂದು ಪಂಜರಕ್ಕೆ ಬಳಿದೆವು. ಅದು ಉಣ್ಣುವುದನ್ನೂ ಬಿಟ್ಟಿತು. ಹಿಡಿದರೆ ಎದೆಯ ಎಲುಬು ಚಾಕುವಿನ ಹಾಗೆ ಬೆರಳಿಗೆ ತಾಗುತ್ತಿತ್ತು. ಬಾಜೂ ಮನೆಯ ವೆಂಕಮ್ಮ ಬಂದು ನೋಡಿ, "ವಾಳ್ಳ ಚಿಲುಕ ಮನಕೆಂದುಕಮ್ಮಾ?" ಅಂದಳು. ಅವರ ಗಿಳಿ ನಮಗ್ಯಾಕೆ, ಬಾಗಿಲು ತೆರೆದು ಹಾರಿಬಿಡಬಾರದೇ ಅಂತ ಅವಳ ಮಾತು. "ಆಕೆ ತಿರುಗಿ ಬರ್ತಾಳಂತ ಯಾರು ನೋಡ್ಯಾರ?" ಅಂತ ಕನ್ನಡದಲ್ಲೂ ಒಂದು ಸಲ ಹೇಳಿದಳು.

"ನಿನ್ನ ಮಗಳ ಮದಿವಿಗೆ ಬಳಿ ಇಟ್ಟಾಗ ಆಕಿ ಯಾರಾಕಿ ಅಂತ ಕೇಳಿದ್ಯೇನು?" ಅಂದರು ನಮ್ಮತ್ತಿ. "ಇದು ಸತ್ರ ಆಕಿ ಮುಂದ ನಾ ಯಾವ ಮುಖ ಇಟ್ಕೊಂಡು ನಿಲ್ಲಲಿ? ಈಗ ಆಕಿ ನಂಬಿದ್ದು ಇಡೀ ಊರಾಗ ನಮ್ಮನಿ ಒಂದನ್ನ. ಹೋಗು, ನಿನ್ನ ಒಲಿ ನೋಡ್ಕೋ ಹೋಗು." ವೆಂಕಮ್ಮ ಎದ್ದು ಹೋದಳು. ಅವಳು ಹೋದ ಮೇಲೆ ನಮ್ಮತ್ತಿ ಒಳಗೆ ಬಂದು ನನ್ನ ಮುಂದೆ ಕೂತು ಅತ್ತರು. "ನೀಲವ್ವಾ, ಸಾಯ್ತೈತಿ ನೋಡವ್ವಾ ಇದು" ಅಂದರು. ನನಗೂ ಹಾಗೇ ಅನಿಸಿತ್ತು.

ಕೊನೆಗೆ ಯಾರೋ ಹೇಳಿದರು ಅಂತ ನಮ್ಮತ್ತಿ ಮಠಕ್ಕೂ ಹೋದರು, ದರ್ಗಾಕ್ಕೂ ಹೋದರು. "ನಮ್ಮ ದೇವರು ಕೇಳ್ದಿದ್ರ ಅದರ ದೇವರಾದ್ರೂ ಕೇಳ್ಲಿ" ಅಂತ. ಎರಡೂ ಕಡೆಯಿಂದ ಒಂದೊಂದು ಮಂತ್ರಿಸಿದ ದಾರ ತಂದು, ಎರಡನ್ನೂ ಕೂಡಿಸಿ ಹುರಿ ಮಾಡಿ, ಗಂಟಿನ ಮೇಲೆ ಗಂಟು ಹಾಕಿ, ಪಂಜರದ ಸರಳಿಗೆ ಬಿಗಿದರು. ನೇಕಾರರ ಮನೆಯ ಗಂಟು, ಅಷ್ಟು ಸುಲಭಕ್ಕೆ ಬಿಚ್ಚುವುದಲ್ಲ. ಅವತ್ತು ಪ್ರಾರ್ಥನೆ ಮಾಡುತ್ತ ಮೇಲಿನ ಬಟ್ಟೆಯನ್ನು ಸರಿಸಿದ್ದರು, ಮತ್ತೆ ಹೊದಿಸುವುದು ಮರೆತಿತ್ತು.

ಮಧ್ಯಾಹ್ನ ನಾನು ರೊಟ್ಟಿ ಬಡಿಯುತ್ತಿದ್ದೆ. ಪಂಜರದ ಕಡೆಯಿಂದ ಟಕ್, ಟಕ್ ಅಂತ ಸಪ್ಪಳ. ಹೋಗಿ ನೋಡಿದರೆ ಮುನ್ಷಿ ಸರಳಿಗೆ ಜೋತುಬಿದ್ದು ಆ ದಾರದ ಗಂಟಿನ ಮೇಲೆ ಬಿದ್ದಿದೆ! ಒಂದು ಕಾಲಲ್ಲಿ ಸರಳು ಹಿಡಿದು, ಇನ್ನೊಂದು ಕಾಲಲ್ಲಿ ದಾರದ ತುದಿ ಹಿಡಿದು, ಕೊಕ್ಕನ್ನು ಗಂಟಿನೊಳಗೆ ತೂರಿಸಿ, ಬಿಟ್ಟು, ತಲೆ ಓರೆ ಮಾಡಿ ನೋಡಿ, ಮತ್ತೆ ತೂರಿಸುತ್ತಿತ್ತು. ಹೊತ್ತು ಇಳಿಯುವ ತನಕ ಅದೇ ಕೆಲಸ. ಎದೆಯ ತಂಟೆಗೇ ಹೋಗಲಿಲ್ಲ. ಗಂಟು ಬಿಚ್ಚಿ ದಾರ ಕೆಳಗೆ ಬಿದ್ದಾಗ ಕತ್ತೆತ್ತಿ ಸುತ್ತ ನೋಡಿತು. ಆಮೇಲೆ ಬಟ್ಟಲಿಗೆ ಹೋಗಿ ಶೇಂಗಾ ತಿಂದಿತು.

"ಅತ್ತೀ, ಬರ್ರೀ ಇಲ್ಲಿ! ತಿನ್ನಾಕತ್ತೈತಿ!" ಅಂತ ಕೂಗಿದೆ.

ನಮ್ಮತ್ತಿ ಓಡಿ ಬಂದು ಪಂಜರಕ್ಕೇ ಕೈ ಮುಗಿದರು. "ನೋಡಿದ್ಯಾ ದಾರದ ಮಹಿಮಾ!" ಅಂದವರೇ, ದಾರ ಬಿಚ್ಚಿಹೋದದ್ದು ಕಂಡು ಗಾಬರಿಯಾಗಿ ಅದನ್ನೇ ಮತ್ತೆ ಕಟ್ಟಿದರು. ಮರುದಿನ ಅದು ಮತ್ತೆ ಬಿಚ್ಚಿತು, ಮತ್ತೆ ತಿಂದಿತು. ಮೂರನೆಯ ದಿನ ದಾರವೇ ಚೂರು ಚೂರಾಯಿತು. ಈಗೇನು ಮಾಡುವುದು? ಇನ್ನೊಂದು ದಾರಕ್ಕೆ ಮತ್ತೆ ದರ್ಗಾಕ್ಕೆ ಹೋಗಬೇಕು ಅಂತ ನಮ್ಮತ್ತಿ ಸೆರಗು ಹೊದ್ದುಕೊಂಡರು.

ಕುಣಿಯಲ್ಲಿ ಕೂತಿದ್ದ ನಮ್ಮ ಮಾವ ಆಗ ಬಾಯಿ ಬಿಟ್ಟರು. "ದಾರ ದೇವರದೇ ಆಗ್ಬೇಕಂತೇನೈತಿ?" ಅಂದರು. ಮಗ್ಗದ ಕೆಳಗೆ ಬಿದ್ದಿದ್ದ ಹಳೇ ನೂಲಿನ ತುಂಡುಗಳನ್ನು ಹೊಸೆದು ದಪ್ಪ ಹುರಿ ಮಾಡಿ, ಪಂಜರಕ್ಕೆ ಒಂದು ಗಂಟು ಹಾಕಿದರು. "ನಿಮ್ಮದೊಂದು ನಾಸ್ತಿಕತನ" ಅಂತ ನಮ್ಮತ್ತಿ ಗೊಣಗಿದರು. ಗಿಳಿ ಮಾವ ಕೈ ತೆಗೆಯುವುದನ್ನೇ ಕಾದಿತ್ತು, ಗಂಟಿನ ಮೇಲೆ ಬಿತ್ತು. ಆಗ ನನ್ನ ತಲೆಗೆ ಹೊಳೆಯಿತು. ನಾವು ಅದಕ್ಕೆ ತ್ರಾಸಾಗಬಾರದು ಅಂತ ಎಲ್ಲವನ್ನೂ ಸುಲಿದು, ಹೆಚ್ಚಿ, ಮುಚ್ಚಿ ಇಟ್ಟಿದ್ದೆವು. ದಿನವಿಡೀ ಕೂತಿರುವುದು ಬಿಟ್ಟರೆ ಬೇರೆ ಕೆಲಸ ಉಳಿಸಿರಲಿಲ್ಲ. ಕಿತ್ತುಹಾಕಲು ಬೇರೆ ಏನೂ ಸಿಗದೆ ಅದು ತನ್ನ ಪುಕ್ಕವನ್ನೇ ಕಿತ್ತುಕೊಂಡಿತ್ತು.

"ಅತ್ತೀ, ಇನ್ಮ್ಯಾಲ ಶೇಂಗಾ ಸುಲೀಬ್ಯಾಡ್ರಿ. ಸಿಪ್ಪಿ ಸುದ್ದ ಕೊಡೂನು," ಅಂದೆ.

"ಅಯ್ಯ ಇವಳ! ಮನಿಗಿ ಬಂದವರಿಗೆ ಸಿಪ್ಪಿ ತಿನ್ನಸ್ತಾರೇನು?"

"ಬಳಿ ಕಟ್ಟು ಬಿಚ್ಚೂ ಗಿಳಿ ಅದು. ನೀವು ನವಾಬನ್ನ ಮಾಡಿ ಕುಂದ್ರಿಸಿದ್ರ ಹ್ಯಾಂಗ್ರೀ?"

ಒಪ್ಪಿಸಲು ಎರಡು ದಿನ ಹಿಡಿಯಿತು. ಆದರೆ ಒಪ್ಪಿದ ಮೇಲೆ ನಮ್ಮತ್ತಿಯನ್ನು ಹಿಡಿಯುವವರಿಲ್ಲ. ಪಂಜರ ಮೂಲೆಯಿಂದ ಅಂಗಳದ ಬೆಳಕಿಗೆ ಬಂತು. ಸಜ್ಜೆಯ ತೆನೆಯನ್ನು ಹಾಗೇ ತಲೆಕೆಳಗಾಗಿ ತೂಗುಹಾಕಿದರು, ಅದು ಜೋತಾಡಿ ಜೋತಾಡಿ ಕಾಳು ಬಿಡಿಸಿ ತಿನ್ನಬೇಕು. ಇಡೀ ಪೇರಲ, ಇಡೀ ಮೆಣಸಿನಕಾಯಿ. ನೂಲು ಸುತ್ತುವ ಕಂಡಿಕೆಗಳು ನಮ್ಮಲ್ಲಿ ಬುಟ್ಟಿಗಟ್ಟಲೆ ಖಾಲಿ ಬಿದ್ದಿದ್ದವಲ್ಲ, ಟೊಳ್ಳು ಕೊಳವೆಗಳು ಅವು. ನಾನು ಅವುಗಳೊಳಗೆ ಒಂದು ಶೇಂಗಾ ತುರುಕಿ ಎರಡೂ ಬದಿಗೆ ಹುಲ್ಲು ಗಿಡಿದು ಕೊಡುತ್ತಿದ್ದೆ. ಶೇಂಗಾ ಹೊರಗೆ ತೆಗೆಯಲು ಅದಕ್ಕೆ ಅರ್ಧ ಮುಂಜಾನೆ ಬೇಕಿತ್ತು. ಒಂದೇ ಆಟ ನಾಲ್ಕು ದಿನ ಕೊಟ್ಟರೆ ಬೇಸರ ಬಂದು ಮತ್ತೆ ಎದೆಗೆ ಬಗ್ಗುತ್ತಿತ್ತು. ಆದ್ದರಿಂದ ದಿನಾ ಹೊಸದೊಂದು ಯೋಚಿಸಬೇಕು. ಒಂದು ದಿನ ಮಣ್ಣಿನ ತತ್ರಾಣಿಯ ಮುರಿದ ಬಾಯಿ, ಒಂದು ದಿನ ಬೇವಿನ ಟೊಂಗೆ, ಒಂದು ದಿನ ಬರೇ ಮಾತು. ಮಾತೂ ಅದಕ್ಕೆ ಬೇಕಿತ್ತು. ರೊಟ್ಟಿ ಬಡಿಯುವಾಗ ಪಕ್ಕದಲ್ಲಿ ಇಟ್ಟುಕೊಂಡು ನನ್ನ ತವರಿನ ಸುದ್ದಿಯೆಲ್ಲ ಅದಕ್ಕೆ ಹೇಳಿದ್ದೇನೆ. ಹೊಸ ಸೊಸೆಗೆ ಹೇಳಿಕೊಳ್ಳಲು ಯಾರಿರುತ್ತಾರೆ ಹೇಳಿ? ನನಗೂ ಅದರಿಂದ ಎದೆ ಹಗುರಾಗುತ್ತಿತ್ತು.

ಗಂಟಿನ ಖಾತೆ ಮಾತ್ರ ನಮ್ಮ ಮಾವನದು. ಒಂದು ಸಲ ನೂಲಿನ ಎಳೆ ಬಿಚ್ಚಿಕೊಂಡು ಅದರ ಕಾಲಿಗೆ ಸುತ್ತಿ ಬೆರಳು ಊದಿತ್ತು. ಮಾವ ಎಳೆ ಕತ್ತರಿಸಿ ಬಿಡಿಸಿ, ಅಂದಿನಿಂದ ನೂಲು ಬಿಟ್ಟು ಪುಂಡಿ ನಾರಿನ ದಪ್ಪ ಹುರಿಯನ್ನೇ ಗಿಡ್ಡಗೆ ಕತ್ತರಿಸಿ ಕಟ್ಟತೊಡಗಿದರು. ದಿನಕ್ಕೊಂದು ನಮೂನೆಯ ಗಂಟು. ಮುಂಜಾನೆ ಎದ್ದು ಅದರ ಮುಂದೆ ಕೂತು, "ಹಾಂ, ಇದನ್ನ ಬಿಚ್ಚಲೇ ನೋಡೂನು" ಅನ್ನುತ್ತಿದ್ದರು. ಅದು ಬಿಚ್ಚಿದರೆ, "ಹತ್ ನಿನ್ನ!" ಅಂತ ಇನ್ನೂ ಬಿಗಿಯಾದದ್ದನ್ನು ಯೋಚಿಸುತ್ತ ಕೂರುತ್ತಿದ್ದರು. ಸಾರಿನ ಉಪ್ಪಿನ ಸುದ್ದಿಯೇ ಹೋಯಿತು. ಒಂದು ದಿನ ನೋಡುತ್ತೇನೆ, ಮೀಸೆಯ ಎರಡೂ ತುದಿ ಸಮ ಬಂದಿವೆ. ಮಗ್ಗ ನಿಂತ ಮನೆಯಲ್ಲಿ ನಗು ಕೇಳಿದ್ದು ಆಗಲೇ.

ಗಿಳಿಯ ಎದೆಯ ಮೇಲೆ ಮುಳ್ಳಿನಂಥ ಹೊಸ ಪುಕ್ಕ ಮೂಡತೊಡಗಿದವು. ಇನ್ನೇನು ಗೆದ್ದೆವು ಅನ್ನುವಾಗ ಮಕ್ತಲದ ಸಂತೆಯಿಂದ ಒಂದು ಸುದ್ದಿ ಬಂತು. ಆ ಮಳೆಗಾಲದಲ್ಲಿ ಕೃಷ್ಣೆ ತುಂಬಿ ಹರಿಯುತ್ತಿದ್ದಾಗ ಒಂದು ಹರಗೋಲು ಮಗುಚಿತ್ತಂತೆ, ಅದರಲ್ಲಿ ಬಳೆಯ ಗಂಟು ಹೊತ್ತ ಹೆಂಗಸೊಬ್ಬಳು ಇದ್ದಳಂತೆ. ನಮ್ಮ ಯಜಮಾನರು ಮಕ್ತಲಕ್ಕೆ ಹೋಗಿ, ನನ್ನ ತವರಿನವರನ್ನೂ ಕರೆದುಕೊಂಡು ಹೊಳೆಯ ದಂಡೆಯಲ್ಲಿ ವಿಚಾರಿಸಿ ಬಂದರು. ಹೌದು ಅಂದವರಿದ್ದರು, ಇಲ್ಲ ಅಂದವರಿದ್ದರು. ನಮ್ಮತ್ತಿ ಅವತ್ತು ಒಲೆ ಹಚ್ಚಲಿಲ್ಲ. ಎದುರು ಮನೆಯ ಬಾಗಿಲನ್ನು ಅಷ್ಟರೊಳಗೆ ಯಾರೋ ಮುರಿದು ತಾಮ್ರದ ಹಂಡೆ ಒಯ್ದಿದ್ದರು, ಮಾವ ನಮ್ಮ ಬೀಗ ತೆಗೆದು ಅದಕ್ಕೆ ಹಾಕಿದ್ದರು. ಆ ಬೀಗವನ್ನೇ ನೋಡುತ್ತ ನಮ್ಮತ್ತಿ ಕಟ್ಟೆಯ ಮೇಲೆ ಕೂತಿದ್ದರು. "ಇದನ್ನ ಬದಕಿಸಿ ಯಾರ ಕೈಯಾಗ ಇಡ್ಲಿ?" ಅಂದರು.

ಸಂಕ್ರಾಂತಿ ಹೊತ್ತಿಗೆ ನೂಲು ಬಂತು. ಓಣಿಯಲ್ಲಿ ನೂಲಿಗೆ ಹಚ್ಚುವ ಗಂಜಿಯ ವಾಸನೆ ಎದ್ದಿತು, ಒಂದೊಂದೇ ಮಗ್ಗ ಮಾತಾಡತೊಡಗಿತು. ನಮ್ಮ ಮನೆಯಲ್ಲೂ ಮಗ್ಗಕ್ಕೆ ಉದ್ದದ ಎಳೆ ಏರಿಸಿ ಹಾಸು ಹೂಡುವ ದಿನ ಬಂತು. ಅಷ್ಟು ತಿಂಗಳು ಆ ದಿನಕ್ಕಾಗಿಯೇ ಕಾದಿದ್ದ ನಮ್ಮ ಮಾವ ಅವತ್ತು ಮುಂಜಾನೆ ರುಮಾಲು ಸುತ್ತಿಕೊಂಡು, ಬುತ್ತಿ ಕಟ್ಟಿಕೊಡು ಅಂದರು ನನಗೆ.

"ಎಲ್ಲಿಗ್ರೀ ಮಾವಾರ?"

"ಗದ್ವಾಲಕ್ಕ."

"ಹಾಸು?"

"ಮಗ ಹೂಡ್ತಾನ. ಇದ್ದಾಳೋ ಇಲ್ಲೋ ನೋಡಿ ಬರ್ತೀನಿ. ಇವಳ ಮಾರಿ ನೋಡಾಕ ಆಗವಲ್ದು," ಅಂತ ನಮ್ಮತ್ತಿಯ ಕಡೆ ಗದ್ದ ತೋರಿಸಿ ಹೊರಟರು. ಅಷ್ಟು ಉದ್ದದ ಮಾತು ಅವರ ಬಾಯಿಂದ ನಾನು ಕೇಳಿದ್ದು ಅಪರೂಪ.

ಮುಂದಿನದು ಹುಸೇನಬಿಯೇ ಎಷ್ಟೋ ಸಲ ನನಗೆ ಹೇಳಿದ್ದು. ಆಕೆ ಗದ್ವಾಲದಲ್ಲಿ ಮಗಳ ಮನೆಯಲ್ಲಿದ್ದಳು. ಹರಗೋಲು ಮಗುಚಿದ್ದು ನಿಜ, ಅದರಲ್ಲಿ ಇದ್ದವಳು ಆಕೆಯೇ. ದಂಡೆಯ ಹತ್ತಿರವೇ ಆದದ್ದರಿಂದ ಅಂಬಿಗರು ಎಳೆದು ಹಾಕಿದ್ದರು, ಬಳೆಯೆಲ್ಲ ಹೊಳೆಯ ಪಾಲಾಗಿತ್ತು. ಮನೆ ಒಡೆದರು ಅನ್ನುವ ಸುದ್ದಿ ಆಕೆಗೆ ಮುಟ್ಟಿತ್ತು. ಅದಾದ ಮೇಲೆ ನಾರಾಯಣಪೇಟೆಯಿಂದ ಯಾರು ಬಂದರೂ ಆಕೆ ಎದ್ದು ಒಳಗೆ ಹೋಗುತ್ತಿದ್ದಳಂತೆ. ಮುನ್ಷಿಯ ಸುದ್ದಿ ಕೇಳುವ ಧೈರ್ಯ ಇರಲಿಲ್ಲ.

ಅಂಥದ್ದರಲ್ಲಿ ಬಾಗಿಲಲ್ಲಿ ನಮ್ಮ ಮಾವ ಬಂದು ನಿಂತರು. ಮಗ್ಗ ಬಿಟ್ಟು ಕದಲದ ಮನುಷ್ಯ ಹೊಳೆ ದಾಟಿ ಬಂದಿದ್ದಾನೆಂದರೆ ಸಾವಿನ ಸುದ್ದಿಯೇ ಅಂದುಕೊಂಡಳು.

"ಹೇಳಬ್ಯಾಡ್ರಿ ಅಣ್ಣಾರ. ಗೌರಕ್ಕಂದು ಏನೂ ತಪ್ಪಿಲ್ಲ. ಹೇಳಬ್ಯಾಡ್ರಿ," ಅಂತ ಕಿವಿ ಮುಚ್ಚಿಕೊಂಡಳು.

ನಮ್ಮ ಮಾವನಿಗೆ ಮೊದಲೇ ಮಾತು ಬಾರದು. ತಮ್ಮ ಬಲಗೈ ಹೆಬ್ಬೆರಳನ್ನು ಆಕೆಯ ಮೂಗಿನ ಮುಂದೆ ಹಿಡಿದರು. ಬೆರಳು ಊದಿತ್ತು, ಮೇಲೆ ಒಂದು ಗಾಯ, ಕೆಳಗೆ ಒಂದು ಗಾಯ, ನಡುವೆ ಒಣಗಿದ ಅರಿಷಿಣ.

"ಮೊನ್ನಿ ಕಚ್ಚೈತಿ," ಅಂದರು. "ಗಂಟು ಭಾಳ ಬಿಗಿ ಹಾಕಿದ್ನಂತ ಸಿಟ್ಟು."

ಹುಸೇನಬಿ ಆ ಬೆರಳನ್ನು ಹಿಡಿದು ತಿರುಗಿಸಿ ತಿರುಗಿಸಿ ನೋಡಿದಳಂತೆ. ಆ ಕೊಕ್ಕಿನ ಕಚ್ಚು ಆಕೆಯ ಎರಡೂ ಕೈ ಮೇಲೆ ಎಷ್ಟಿಲ್ಲ! ಇದು ಎಳೆಯ ಗಾಯ, ಹೊಸ ಗಾಯ, ಅಂದರೆ ಮುನ್ಷಿ ಬದುಕಿದೆ. ನಗಲು ಶುರು ಮಾಡಿದವಳು ನಗುತ್ತ ನಗುತ್ತ ಅಳಲು ಹತ್ತಿದಳು, ಒಲೆಯ ಮುಂದಿದ್ದ ಮಗಳು ಏನಾಯಿತೋ ಅಂತ ಹಿಟ್ಟಿನ ಕೈಯಲ್ಲೇ ಓಡಿ ಬಂದಳು. ನಮ್ಮ ಮಾವ ಬೆರಳು ಬಿಡಿಸಿಕೊಳ್ಳಲೂ ಆಗದೆ ನಿಂತಿದ್ದರಂತೆ.

ಮರುದಿನವೇ ಆಕೆ ಅವರ ಜೊತೆ ಹೊರಟಳು. ಬಂಡಿ ನಮ್ಮ ಓಣಿಗೆ ಬಂದಾಗ ಮಧ್ಯಾಹ್ನ ಇಳಿಹೊತ್ತು. ಮೊದಲೆಲ್ಲ ಹುಸೇನಬಿ ನಮ್ಮನೆಗೆ ಬಂದರೆ ಹೊರಗಿನ ಕಟ್ಟೆಯ ಮೇಲೆ ಕೂರುತ್ತಿದ್ದಳು, ಅದು ರೂಢಿ. ಅವತ್ತು ಯಾರನ್ನೂ ಕೇಳದೆ ನೆಟ್ಟಗೆ ಒಳಗೆ ಮಗ್ಗದ ತನಕ ಬಂದಳು, ನಮ್ಮತ್ತಿ ಏನೂ ಅನ್ನಲಿಲ್ಲ. ಮುನ್ಷಿ ಪಂಜರದ ಹೊರಗೆ, ಮಗ್ಗದ ಅಡ್ಡಮರದ ಮೇಲೆ ಕೂತು ನಾನು ಕೊಟ್ಟ ಕಂಡಿಕೆಯ ಜೊತೆ ಗುದ್ದಾಡುತ್ತಿತ್ತು. ಆಕೆಯ ಕಡೆ ಒಂದು ಕಣ್ಣು ತಿರುಗಿಸಿ ನೋಡಿತು. ಮತ್ತೆ ಕಂಡಿಕೆಗೆ ಬಗ್ಗಿತು.

ನಮ್ಮತ್ತಿಯ ಮುಖ ಬಾಡಿತು. "ಗುರ್ತ ಹಿಡೀಲಿಲ್ಲಲ್ಲ ಹುಸೇನಾ... ನಾವೇ ಏನೋ ಕೆಡಿಸಿಬಿಟ್ಟೀವಿ ಕಾಣ್ತೈತಿ," ಅಂದರು.

"ಥೂ, ಬಿಡ್ತು ಅನ್ನು ಅಕ್ಕಾ," ಅಂದಳು ಹುಸೇನಬಿ. ಅಲ್ಲೇ ನೆಲದ ಮೇಲೆ ಕೂತು ಗೋಡೆಗೆ ಒರಗಿದಳು. "ನಾ ದಿನಾ ಅನ್ಕೊಂತಿದ್ದೆ, ನನ್ನ ದಾರಿ ನೋಡ್ಕೋತ ಒಣಗಿ ಒಣಗಿ ಸಾಯ್ತೈತಿ ಅಂತ. ನೋಡು, ನನ್ನ ನೋಡಾಕ ಪುರಸೊತ್ತಿಲ್ಲ ಅದಕ್ಕ! ಮುಗಿಸ್ಲಿ ಬಿಡು. ನನಗೇನ್ ಅವಸರ ಐತಿ ಈಗ?"

ಎಲ್ಲರೂ ಅದನ್ನೇ ನೋಡುತ್ತ ಕೂತೆವು. ಅದು ಹುಲ್ಲು ಕಿತ್ತು ಬಿಸಾಕಿತು, ಕಂಡಿಕೆ ಅಲ್ಲಾಡಿಸಿತು, ಶೇಂಗಾ ಹೊರಗೆ ಬಂತು, ಸುಲಿದು ಸಾವಕಾಶ ತಿಂದಿತು. ಆಮೇಲೆ ಅಡ್ಡಮರದ ಮೇಲೆ ಓಲಾಡುತ್ತ ನಡೆದು, ಕಂಬ ಹಿಡಿದು ಕೆಳಗಿಳಿದು, ಹುಸೇನಬಿಯ ಸೆರಗು ಕಚ್ಚಿಕೊಂಡು ಹತ್ತಿ, ಆಕೆಯ ಕತ್ತಿನ ಸಂದಿಗೆ ತಲೆ ತೂರಿಸಿ ಕಣ್ಣು ಮುಚ್ಚಿತು. ಆಕೆ ಅದರ ಎದೆಯ ಮೇಲಿನ ಅರ್ಧ ಬಂದ ಪುಕ್ಕವನ್ನು ಬೆರಳಿನಿಂದ ಸವರಿದಳು, ಏನಾಗಿತ್ತು ಅಂತ ಆಕೆಗೆ ತಿಳಿಯಿತು. ಸುಲಿದ ಶೇಂಗಾದಿಂದ ಹಿಡಿದು ಎಲ್ಲವನ್ನೂ ನಮ್ಮತ್ತಿ ಹೇಳಿ ಮುಗಿಸಿದಾಗ ಆಕೆ ಅವರ ಎರಡೂ ಕೈ ಹಿಡಿದು ತನ್ನ ಕಣ್ಣಿಗೆ ಒತ್ತಿಕೊಂಡಳು.

"ತಗೋ ನಿನ್ನ ಅಮಾನತ್," ಅಂದರು ನಮ್ಮತ್ತಿ. "ಪುಕ್ಕ ಒಂದೀಟು ಕಮ್ಮಿ ಅದಾವ. ಜೀವ ಪೂರಾ ಐತಿ."

ನಾನು ಚಹಾಕ್ಕೆ ನೀರಿಟ್ಟು ಬರುವಷ್ಟರಲ್ಲಿ ನಮ್ಮತ್ತಿ ಹುಸೇನಬಿಯ ಪಕ್ಕದಲ್ಲೇ ಬರಿ ನೆಲದ ಮೇಲೆ ಉರುಳಿಕೊಂಡು ಗೊರಕೆ ಹೊಡೆಯುತ್ತಿದ್ದರು. ಸೊಸೆಯಾದವಳು ಸಂಜೆ ಹೊತ್ತು ಕಣ್ಣು ಮುಚ್ಚಿದರೆ ಮನೆಗೆ ದರಿದ್ರ ಅಂತ ಮನೆ ತಲೆ ಮೇಲೆ ಮಾಡುತ್ತಿದ್ದ ಹೆಂಗಸು! ನಮ್ಮ ಮಾವ ಮಗ್ಗದ ಕುಣಿಗೆ ಇಳಿದಿದ್ದವರು ಲಾಳಿಯನ್ನು ಮೆಲ್ಲಗೆ ಕೆಳಗಿಟ್ಟರು. ದೀಪ ಹಚ್ಚುವ ಹೊತ್ತು ಮೀರಿತು, ಆದರೆ ನಮ್ಮತ್ತಿಯನ್ನು ನಾವ್ಯಾರೂ ಎಬ್ಬಿಸಲಿಲ್ಲ.